ಹರಿವಿನ ನಕ್ಷೆ

ಜನ, ಸರಕು, ವಾಹನ, ನೀರು ಮುಂತಾಗಿ ಒಂದೆಡೆಯಿಂದ ಇನ್ನೊಂದೆಡೆಗೆ ಸಾಗುವುದನ್ನು, ಅದರ ದಾರಿ, ದಿಕ್ಕು, ಪ್ರಮಾಣ ಮೂರೂ ಒಟ್ಟಿಗೆ ಕಾಣುವ ಹಾಗೆ ತೋರಿಸುವ ನಕ್ಷೆ. ಪ್ರವಾಹ ನಕ್ಷೆ ಎಂದೂ ಕರೆಯುತ್ತಾರೆ. ಗೆರೆ ದಾರಿಯನ್ನು ಹೇಳುತ್ತದೆ, ಬಾಣದ ತಲೆ ದಿಕ್ಕನ್ನು, ಗೆರೆಯ ದಪ್ಪ ಪ್ರಮಾಣವನ್ನು. ಸಾಮಾನ್ಯ ರಸ್ತೆ ನಕ್ಷೆಯಲ್ಲಿ ದಪ್ಪ ಗೆರೆ ಎಂದರೆ ಹೆದ್ದಾರಿ, ಸಣ್ಣ ಗೆರೆ ಎಂದರೆ ಹಳ್ಳಿಯ ದಾರಿ. ಅಲ್ಲಿ ದಪ್ಪ ರಸ್ತೆಯ ದರ್ಜೆಯನ್ನಷ್ಟೇ ಸೂಚಿಸುತ್ತದೆ. ಹರಿವಿನ ನಕ್ಷೆಯಲ್ಲಿ ಮಾತ್ರ ಗೆರೆಯನ್ನು ಅಳತೆಪಟ್ಟಿಯಿಂದ ಅಳೆದು ಎಷ್ಟು ವಾಹನ, ಎಷ್ಟು ಕ್ವಿಂಟಲ್ ಎಂದು ಲೆಕ್ಕ ಹೇಳಬಹುದು. ಹಾಗೆ ಹೇಳಲಾಗದಿದ್ದರೆ ಅದು ಹರಿವಿನ ನಕ್ಷೆಯ ವೇಷದಲ್ಲಿರುವ ಚಿತ್ರ, ಅಷ್ಟೆ.

ಶಿವಮೊಗ್ಗ ಜಿಲ್ಲೆಯ ಶಿಕಾರಿಪುರ ತಾಲ್ಲೂಕಿನಲ್ಲಿ, ಶಿರಾಳಕೊಪ್ಪಕ್ಕೆ ಸಮೀಪದಲ್ಲಿರುವ ತಾಳಗುಂದವನ್ನೂ ಅದಕ್ಕೆ ತಾಗಿದ ಸೊರಬ ಸೀಮೆಯನ್ನೂ ಈ ಲೇಖನ ನಿದರ್ಶನವಾಗಿ ತೆಗೆದುಕೊಂಡಿದೆ. (ಸಾಗರ ತಾಲ್ಲೂಕಿನ, ರೈಲು ಮಾರ್ಗದ ಕೊನೆಯ ನಿಲ್ದಾಣವಾದ ತಾಳಗುಪ್ಪ ಬೇರೆ ಊರು.) ದಾರಿ ಗೊತ್ತಿದ್ದು ಎಣಿಕೆ ಇಲ್ಲದ ಪಯಣ, ಎಣಿಕೆ ಹೇಳಿದ್ದರೂ ದಾರಿ ತಿಳಿಯದ ವಲಸೆ, ದಾರಿಯನ್ನೂ ಎಣಿಕೆಯನ್ನೂ ಕಲೆಹಾಕಬಹುದಾದ ಇಂದಿನ ಸಾಗಾಟ, ಮೂರೂ ಈ ಒಂದೇ ನೆಲದಲ್ಲಿವೆ. ಗೆರೆಯನ್ನು ಯಾವಾಗ ದಪ್ಪ ಮಾಡಬಹುದು, ಯಾವಾಗ ಕೂಡದು ಎಂದು ತಿಳಿಯಲು ಇಷ್ಟು ಅನುಕೂಲವಾದ ಊರು ಸುಲಭಕ್ಕೆ ಸಿಗದು.

ದಪ್ಪದ ಲೆಕ್ಕ

ಗೆರೆಯ ದಪ್ಪ ಪ್ರಮಾಣಕ್ಕೆ ನೇರ ಅನುಪಾತದಲ್ಲಿರಬೇಕು. ಒಂದು ಮಿಲಿಮೀಟರ್ ದಪ್ಪಕ್ಕೆ ದಿನಕ್ಕೆ 500 ವಾಹನ ಎಂದಿಟ್ಟುಕೊಂಡರೆ, 250 ವಾಹನಗಳ ದಾರಿಗೆ ಅರ್ಧ ಮಿಲಿಮೀಟರ್, 4,000 ವಾಹನಗಳ ದಾರಿಗೆ 8 ಮಿಲಿಮೀಟರ್. ವೃತ್ತಗಳಿಂದ ಪ್ರಮಾಣ ತೋರಿಸುವಾಗ ವರ್ಗಮೂಲ ತೆಗೆದು ತ್ರಿಜ್ಯ ನಿರ್ಧರಿಸಬೇಕಾಗುತ್ತದೆ. ಗೆರೆಗೆ ಆ ತೊಡಕಿಲ್ಲ. ಆದರೆ ಅತಿ ದೊಡ್ಡ ಸಂಖ್ಯೆಗೂ ಅತಿ ಸಣ್ಣ ಸಂಖ್ಯೆಗೂ ಅಂತರ ಹೆಚ್ಚಾದಾಗ ಒಂದು ಗೆರೆ ನಕ್ಷೆಯನ್ನೇ ನುಂಗುತ್ತದೆ, ಇನ್ನೊಂದು ಕಣ್ಣಿಗೇ ಬೀಳುವುದಿಲ್ಲ. ಆಗ ಸಂಖ್ಯೆಗಳನ್ನು ನಾಲ್ಕೈದು ವರ್ಗಗಳಾಗಿ ವಿಂಗಡಿಸಿ ವರ್ಗಕ್ಕೊಂದು ದಪ್ಪ ಕೊಡುವ ರೂಢಿಯಿದೆ. ಓದಲು ಅದು ಸುಲಭ, ಆದರೆ ಒಂದೇ ವರ್ಗದೊಳಗಿನ ವ್ಯತ್ಯಾಸ ಅಳಿಸಿಹೋಗುತ್ತದೆ. ಎರಡರಲ್ಲಿ ಯಾವುದನ್ನು ಬಳಸಿದೆ ಎಂಬುದನ್ನು ನಕ್ಷೆಯ ಸೂಚಿಯಲ್ಲಿ ಬರೆಯಲೇಬೇಕು.

ಕಣ್ಣು ದಪ್ಪವನ್ನು ಮಾತ್ರ ನೋಡುವುದಿಲ್ಲ, ಗೆರೆ ಹಿಡಿದ ಒಟ್ಟು ಜಾಗವನ್ನೂ ನೋಡುತ್ತದೆ. ಶಿರಾಳಕೊಪ್ಪದಿಂದ ಶಿವಮೊಗ್ಗಕ್ಕೆ ಹೋಗುವ ಗೆರೆಗೂ ಶಿವಮೊಗ್ಗದಿಂದ ದೆಹಲಿಗೆ ಹೋಗುವ ಗೆರೆಗೂ ದಪ್ಪ ಒಂದೇ ಇದ್ದರೂ, ಉದ್ದನೆಯದೇ ಹೆಚ್ಚು ಭಾರವಾಗಿ ತೋರುತ್ತದೆ. ಇದಕ್ಕೆ ಪೂರ್ಣ ಪರಿಹಾರವಿಲ್ಲ. ಗೆರೆಯ ಪಕ್ಕದಲ್ಲೇ ಸಂಖ್ಯೆಯನ್ನೂ ಬರೆಯುವುದು ಒಳ್ಳೆಯದು.

ಕವಲುಗಳು ಕೂಡುವಲ್ಲಿ ಕೂಡಿದ ಗೆರೆಯ ದಪ್ಪ ಕವಲುಗಳ ಮೊತ್ತಕ್ಕೆ ಸಮನಾಗಿರಬೇಕು. ಸೊರಬದ ಕಡೆಯಿಂದಲೂ ಆನವಟ್ಟಿಯ ಕಡೆಯಿಂದಲೂ ಶಿರಾಳಕೊಪ್ಪಕ್ಕೆ ಬಂದ ಸರಕು ಅಲ್ಲಿಂದ ಶಿಕಾರಿಪುರದತ್ತ ಹೊರಟಾಗ ಮೊತ್ತ ತಾಳೆಯಾಗದಿದ್ದರೆ, ನಡುವೆ ಸರಕು ಉಳಿದಿದೆ, ಇಲ್ಲವೇ ಲೆಕ್ಕ ತಪ್ಪಿದೆ. ಹೀಗೆ ನಕ್ಷೆಯೇ ಅಂಕಿಅಂಶವನ್ನು ತಪಾಸಣೆ ಮಾಡುತ್ತದೆ. ಪಟ್ಟಿಯಲ್ಲಿ ವರ್ಷಗಟ್ಟಲೆ ಅಡಗಿದ್ದ ತಪ್ಪು ಗೆರೆ ಎಳೆದ ಕೂಡಲೇ ಹೊರಬೀಳುವುದು ಈ ವಿಧಾನದ ದೊಡ್ಡ ಉಪಕಾರ.

ದಾರಿಯಿದೆ, ಎಣಿಕೆಯಿಲ್ಲ

ತಾಳಗುಂದದ ಪ್ರಣವೇಶ್ವರ ದೇಗುಲದ ಮುಂದಿರುವ ಸ್ತಂಭಶಾಸನ 5ನೆಯ ಶತಮಾನದ್ದು. ಕದಂಬ ಶಾಂತಿವರ್ಮನ ಕಾಲದಲ್ಲಿ ಕುಬ್ಜ ಎಂಬ ಕವಿ ಸಂಸ್ಕೃತದಲ್ಲಿ ರಚಿಸಿದ ಈ ಶಾಸನ, ಶಾಂತಿವರ್ಮನ ತಂದೆ ಕಾಕುಸ್ಥವರ್ಮ ಇಲ್ಲಿ ಕೆರೆ ಕಟ್ಟಿಸಿದ್ದನ್ನು ದಾಖಲಿಸುತ್ತದೆ. ಆ ನೆಪದಲ್ಲಿ ಕದಂಬ ವಂಶದ ಮೂಲವನ್ನೂ ಹೇಳುತ್ತದೆ. ವಂಶದ ಸ್ಥಾಪಕ ಮಯೂರಶರ್ಮ ವೇದಾಧ್ಯಯನಕ್ಕೆಂದು ಗುರು ವೀರಶರ್ಮನೊಡನೆ ಪಲ್ಲವರ ರಾಜಧಾನಿ ಕಂಚಿಗೆ ಹೋದ. ಅಲ್ಲಿ ಕುದುರೆ ಸವಾರನೊಂದಿಗೆ ಜಗಳವಾಗಿ ಅವಮಾನಗೊಂಡು ಶಸ್ತ್ರ ಹಿಡಿದ. ಶ್ರೀಪರ್ವತದ ಕಾಡುಗಳನ್ನು ನೆಲೆ ಮಾಡಿಕೊಂಡು, ಬೃಹದ್ಬಾಣ ಅರಸರಿಂದ ಕಪ್ಪ ವಸೂಲು ಮಾಡಿ, ಕಡೆಗೆ ಪಲ್ಲವರಿಂದಲೇ ಪಡುಗಡಲ ಕಡೆಯ ಸೀಮೆಯ ಒಡೆತನ ಪಡೆದ.

ಇದನ್ನು ನಕ್ಷೆಯ ಮೇಲೆ ಇಡಲು ಅಡ್ಡಿಯಿಲ್ಲ. ತಾಳಗುಂದದಿಂದ ಕಂಚಿಗೆ ನೇರವಾಗಿ ಅಳೆದರೆ ಸುಮಾರು 500 ಕಿ.ಮೀ.; ಅಲ್ಲಿಂದ ಉತ್ತರಕ್ಕೆ ಶ್ರೀಪರ್ವತದ, ಅಂದರೆ ಶ್ರೀಶೈಲದ ಕಾಡು; ಮತ್ತೆ ಪಶ್ಚಿಮಕ್ಕೆ ಕದಂಬರ ರಾಜಧಾನಿ ಬನವಾಸಿ. ಆದರೆ ಮಯೂರನೊಡನೆ ಎಷ್ಟು ಮಂದಿ ಇದ್ದರು, ಶ್ರೀಪರ್ವತದಲ್ಲಿ ಅವನ ಪಡೆ ಎಷ್ಟು ದೊಡ್ಡದಿತ್ತು ಎಂದು ಶಾಸನ ಹೇಳಿಲ್ಲ. ಆದ್ದರಿಂದ ಈ ಪಯಣಕ್ಕೆ ಸಲ್ಲುವುದು ಮೊದಲಿಂದ ಕೊನೆಯವರೆಗೆ ಒಂದೇ ದಪ್ಪದ ತೆಳು ಗೆರೆ. ಅವನು ಬಲವಂತನಾದ ಎಂದು ಹೇಳಲು ಕಂಚಿಯಿಂದಾಚೆ ಬಾಣವನ್ನು ಕೊಬ್ಬಿಸುತ್ತ ಹೋದರೆ, ಶಾಸನ ಹೇಳದ ಸೈನ್ಯದ ಲೆಕ್ಕವನ್ನು ನಕ್ಷೆ ಹೇಳಿದಂತಾಗುತ್ತದೆ.

ಎಣಿಕೆಯಿದೆ, ಅದು ಜನಗಣತಿಯಲ್ಲ

ಇದೇ ಊರಿನ ನಂತರದ ಕಾಲದ ಶಾಸನವೊಂದು ಬೇರೆ ಚಲನೆಯನ್ನು ವರ್ಣಿಸುತ್ತದೆ. ಕದಂಬರ ಮೂಲಪುರುಷನೆಂದು ಸಂಪ್ರದಾಯ ಹೇಳುವ ಮುಕ್ಕಣ್ಣ ಕದಂಬ ಉತ್ತರದ ಅಹಿಚ್ಛತ್ರಕ್ಕೆ ಹೋಗಿ, 12,000 ಅಗ್ನಿಹೋತ್ರಗಳಿಂದ ಪುನೀತವಾದ 32 ಬ್ರಾಹ್ಮಣ ಕುಟುಂಬಗಳನ್ನು ಕರೆತಂದು ಇಲ್ಲಿನ ಅಗ್ರಹಾರದಲ್ಲಿ ನೆಲೆಗೊಳಿಸಿದ ಎಂಬುದು ಅದರ ಹೇಳಿಕೆ. ಅಹಿಚ್ಛತ್ರವನ್ನು ಉತ್ತರ ಪ್ರದೇಶದ ಬರೇಲಿ ಜಿಲ್ಲೆಯ ನೆಲೆಯೊಂದಿಗೆ ಗುರುತಿಸುವುದು ವಾಡಿಕೆ. ಹೊರಟ ಊರಿದೆ, ಸೇರಿದ ಊರಿದೆ, ಸಂಖ್ಯೆಯೂ ಇದೆ. ಹಾಗಿದ್ದರೆ ದಪ್ಪ ಗೆರೆ ಎಳೆಯಬಹುದೇ?

ಕೂಡದು. ಈ ಸಂಖ್ಯೆ ಸಂಪ್ರದಾಯದ್ದು. ಘಟನೆ ನಡೆಯಿತೆನ್ನುವ ಕಾಲಕ್ಕೂ ಶಾಸನ ಹುಟ್ಟಿದ ಕಾಲಕ್ಕೂ ನಡುವೆ ಹಲವು ಶತಮಾನಗಳಿವೆ. ‘ಬನವಾಸಿ 12000’ ಎಂಬ ನಾಡಿನ ಹೆಸರಲ್ಲೂ ಅದೇ ಸಂಖ್ಯೆ ಬರುತ್ತದೆ. ಅಂಥ ಅಂಕಿಗಳು ಹಳ್ಳಿಗಳನ್ನು ಎಣಿಸುತ್ತವೋ ಆದಾಯವನ್ನೋ ಎಂಬುದರಲ್ಲಿ ವಿದ್ವಾಂಸರಿಗೆ ಒಮ್ಮತವಿಲ್ಲ. ಏನನ್ನು ಎಣಿಸಿದ್ದು ಎಂದು ತಿಳಿಯದ ಸಂಖ್ಯೆಯನ್ನು ಮಿಲಿಮೀಟರಿಗೆ ಇಳಿಸಿದರೆ, ಶಾಸನದ ಗೌರವವೂ ನಕ್ಷೆಯ ನಂಬಿಕೆಯೂ ಒಟ್ಟಿಗೆ ಹೋಗುತ್ತವೆ. ಈ ವಲಸೆಗೆ ಚುಕ್ಕಿಗೆರೆ ಸಾಕು. ಪಕ್ಕದಲ್ಲಿ ‘ಸಂಪ್ರದಾಯದ ಪ್ರಕಾರ’ ಎಂದು ಬರೆದರೆ ಓದುಗನಿಗೆ ನ್ಯಾಯ ಸಲ್ಲುತ್ತದೆ.

ವಿಧಾನ ಬೆಳೆದ ಬಗೆ

ಎಣಿಸಿದ ಅಂಕಿಯನ್ನು ಗೆರೆಯ ದಪ್ಪವಾಗಿಸಿದ ಮೊದಲಿಗರಲ್ಲಿ ಹೆನ್ರಿ ಡ್ರೂರಿ ಹಾರ್ನೆಸ್ ಒಬ್ಬ. ಬ್ರಿಟಿಷ್ ಸೇನೆಯ ಎಂಜಿನಿಯರ್ ಆಗಿದ್ದ ಅವನು 1837ರಲ್ಲಿ ಐರ್ಲೆಂಡಿನ ರೈಲ್ವೆ ಆಯೋಗಕ್ಕಾಗಿ, ಯಾವ ದಾರಿಯಲ್ಲಿ ಎಷ್ಟು ಪ್ರಯಾಣಿಕರು, ಎಷ್ಟು ಸರಕು ಸಾಗುತ್ತಿದೆ ಎಂದು ತೋರಿಸುವ ನಕ್ಷೆಗಳನ್ನು ಮಾಡಿದ. ಹಳಿ ಎಲ್ಲಿ ಹಾಕಬೇಕು ಎಂಬುದು ಪ್ರಶ್ನೆ, ರಸ್ತೆ ಮತ್ತು ಕಾಲುವೆಗಳ ಮೇಲಿನ ಸಂಚಾರ ಅದಕ್ಕೆ ಉತ್ತರ. ಆ ನಕ್ಷೆಗಳನ್ನು ಬಹುಕಾಲ ಯಾರೂ ನೆನೆಯಲಿಲ್ಲ; 1955ರಲ್ಲಿ ಅಮೆರಿಕದ ನಕ್ಷಾಶಾಸ್ತ್ರಜ್ಞ ಆರ್ಥರ್ ರಾಬಿನ್ಸನ್ ಅವುಗಳ ಮಹತ್ವವನ್ನು ಬೆಳಕಿಗೆ ತಂದ.

ವಿಧಾನವನ್ನು ಪಳಗಿಸಿದವನು ಫ್ರಾನ್ಸಿನ ಎಂಜಿನಿಯರ್ ಶಾರ್ಲ್ ಜೋಸೆಫ್ ಮಿನಾರ್ (1781–1870). ನೆಪೋಲಿಯನ್ ರಷ್ಯಾದ ಮೇಲೆ ದಂಡೆತ್ತಿ ಹೋದುದನ್ನು ಕುರಿತ ಅವನ 1869ರ ನಕ್ಷೆ ಜಗತ್ಪ್ರಸಿದ್ಧ. ಹತ್ತು ಸಾವಿರ ಸೈನಿಕರಿಗೆ ಒಂದು ಮಿಲಿಮೀಟರ್. ನೇಮನ್ ನದಿ ದಾಟುವಾಗ 4,22,000 ಮಂದಿಯ ಅಗಲ ಪಟ್ಟಿ, ಮಾಸ್ಕೋದಲ್ಲಿ 1,00,000, ಹಿಂದಿರುಗಿ ಅದೇ ನದಿಗೆ ಬಂದಾಗ 10,000. ಒಂದೇ ಹಾಳೆಯಲ್ಲಿ ಹೋದ ಗೆರೆಯೂ ಬಂದ ಗೆರೆಯೂ ಅಕ್ಕಪಕ್ಕ ನಿಂತಿವೆ. ಯುದ್ಧದ ಬೆಲೆ ತಿಳಿಯಲು ಬೇರೆ ಮಾತು ಬೇಕಾಗುವುದಿಲ್ಲ.

ಕನ್ನಡಿಗರಿಗೆ ಹತ್ತಿರವಾದದ್ದು ಮಿನಾರನ ಹತ್ತಿ ನಕ್ಷೆಗಳು. ಯೂರೋಪು ತರಿಸಿಕೊಂಡ ಹತ್ತಿಯನ್ನು ಅವನು 1858, 1864 ಮತ್ತು 1865ರ ಅಂಕಿಗಳಿಂದ ಅಕ್ಕಪಕ್ಕದಲ್ಲಿ ಚಿತ್ರಿಸಿದ. ಮೊದಲನೆಯದರಲ್ಲಿ ಅಮೆರಿಕದಿಂದ ಬರುವ ಪಟ್ಟಿ ದೈತ್ಯವಾಗಿದೆ. ಅಂತರ್ಯುದ್ಧ ನಡೆದ ವರ್ಷಗಳಲ್ಲಿ ಅದು ಸೊರಗಿ ಭಾರತದ ಪಟ್ಟಿ ಉಬ್ಬುತ್ತದೆ. ಧಾರವಾಡ, ಹುಬ್ಬಳ್ಳಿ, ಗದಗ ಸೀಮೆಯ ಹತ್ತಿಯ ಪಾಲೂ ಆ ಪಟ್ಟಿಯೊಳಗಿದೆ. ಗಾಡಿಗಳಲ್ಲಿ ಘಟ್ಟ ಇಳಿದು ಕುಮಟಾ ಬಂದರಿಗೆ ಹೋಗುತ್ತಿದ್ದುದರಿಂದ ವ್ಯಾಪಾರದಲ್ಲಿ ಅದರ ಹೆಸರೇ ಕುಮಟಾ ಹತ್ತಿ. ಅಲ್ಲಿಂದ ಅದು ಹಡಗೇರಿ ಮುಂಬಯಿಗೆ ಹೋಗುತ್ತಿತ್ತು. ಮಿನಾರನ ಹಾಳೆ ತೋರಿಸುವುದು ಸಮುದ್ರದ ಮೇಲಿನ ಪಟ್ಟಿಯನ್ನಷ್ಟೇ, ಎತ್ತಿನ ಗಾಡಿಯ ದಾರಿಯನ್ನಲ್ಲ. ಎಲ್ಲಿಂದ ಎಣಿಕೆ ಶುರುವಾಗುತ್ತದೋ ಅಲ್ಲಿಂದಲೇ ಗೆರೆ ಶುರುವಾಗುತ್ತದೆ, ಅದರ ಹಿಂದಿನ ದುಡಿಮೆ ಕಾಣುವುದಿಲ್ಲ. ಹರಿವಿನ ನಕ್ಷೆ ಓದುವವರೆಲ್ಲ ಇದನ್ನು ಮನಸ್ಸಿನಲ್ಲಿಡಬೇಕು.

ದಪ್ಪ ಪಟ್ಟಿಗಳಿಗೆ ಜಾಗ ಸಾಲದಾದಾಗ ಮಿನಾರ್ ಜಲಸಂಧಿಗಳನ್ನೇ ಅಗಲಿಸಿ ಕರಾವಳಿಯನ್ನು ಸರಿಸಿದ. ಭೂಗೋಳವನ್ನು ತುಸು ಬಗ್ಗಿಸಬಹುದು, ಪ್ರಮಾಣವನ್ನು ಬಗ್ಗಿಸಬಾರದು ಎಂಬ ಅವನ ಆಯ್ಕೆ ಸರಿಯಾದದ್ದು. ತನ್ನ ನಕ್ಷೆಗಳನ್ನು ಅವನು ಅಂದಾಜಿನವು ಎಂದೇ ಶೀರ್ಷಿಕೆಯಲ್ಲಿ ಕರೆದುಕೊಂಡ. ಮುಂದೆ 1898ರಲ್ಲಿ ಸ್ಯಾಂಕಿ ಎಂಬ ಎಂಜಿನಿಯರ್ ಉಗಿಯಂತ್ರದ ಶಕ್ತಿ ಎಲ್ಲೆಲ್ಲಿ ಸೋರುತ್ತದೆಂದು ತೋರಿಸಲು ಇದೇ ತಂತ್ರವನ್ನು ಭೂಗೋಳವಿಲ್ಲದೆ ಬಳಸಿದ. 1980ರ ದಶಕದಲ್ಲಿ ಭೂಗೋಳಜ್ಞ ವಾಲ್ಡೊ ಟೋಬ್ಲರ್ ವಲಸೆಯ ನಕ್ಷೆಗಳನ್ನು ಕಂಪ್ಯೂಟರಿನಿಂದ ಬಿಡಿಸಿ ತೋರಿಸಿದ. ಇಂದು ಕ್ಯೂಜಿಐಎಸ್‌ನಂಥ ಉಚಿತ ತಂತ್ರಾಂಶದಲ್ಲಿ ಯಾರು ಬೇಕಾದರೂ ಇದನ್ನು ಮಾಡಬಹುದು.

ಅಡಿಕೆ, ನೀರು, ರಸ್ತೆ

ಶಿಕಾರಿಪುರ ಮತ್ತು ಸೊರಬದಲ್ಲಿ ಹರಿವಿನ ನಕ್ಷೆ ಬೇಡುವ ಮೊದಲ ಸರಕು ಅಡಿಕೆ. ಅದಕ್ಕೆ ಎರಡು ಸೆಳೆತ: ಒಂದು ಕಡೆ ಶಿವಮೊಗ್ಗದ ಮಂಡಿ ಮತ್ತು 1939ರಲ್ಲಿ ಹುಟ್ಟಿದ ಅಡಿಕೆ ಮಾರಾಟ ಸಹಕಾರ ಸಂಘ ಮಾಮ್‌ಕೋಸ್, ಇನ್ನೊಂದು ಕಡೆ ಶಿರಸಿಯ ಮಾರುಕಟ್ಟೆ ಮತ್ತು 1923ರಲ್ಲಿ ಹುಟ್ಟಿದ ತೋಟಗಾರರ ಸಹಕಾರ ಸಂಘ ಟಿಎಸ್‌ಎಸ್. ರಾಶಿ, ಬೆಟ್ಟೆ, ಸರಕು, ಗೊರಬಲು ಎಂಬ ತರಗಳಿಗೆ ಒಂದೊಂದು ಬಣ್ಣ ಕೊಟ್ಟು ಒಂದೇ ಪಟ್ಟಿಯಲ್ಲಿ ಜೋಡಿಸಬಹುದು.

ಇಲ್ಲಿ ಬಹಳ ಎಚ್ಚರ ಬೇಕಾದದ್ದು ತೂಕದ ವಿಷಯದಲ್ಲಿ. ತೋಟವನ್ನು ಚೇಣಿಗೆ (ಫಸಲಿನ ಗುತ್ತಿಗೆಗೆ) ಕೊಟ್ಟಿದ್ದರೆ ಹಸಿ ಅಡಿಕೆ ಮೊದಲು ಚೇಣಿದಾರನ ಕಣಕ್ಕೆ ಹೋಗುತ್ತದೆ. ಅಲ್ಲಿ ಸುಲಿದು, ಬೇಯಿಸಿ, ಒಣಗಿಸಿದ ಮೇಲೆ ಮಂಡಿಗೆ ಹೊರಡುವುದು ಹಸಿ ತೂಕದ ಏಳೆಂಟರಲ್ಲಿ ಒಂದು ಪಾಲಿನಷ್ಟು. ಎರಡೂ ಹಂತಗಳನ್ನು ಕ್ವಿಂಟಲ್ ಲೆಕ್ಕದಲ್ಲೇ ಎಳೆದರೆ ತೋಟದಿಂದ ಕಣಕ್ಕೆ ಹೆದ್ದೊರೆ, ಕಣದಿಂದ ಮಂಡಿಗೆ ಸಣ್ಣ ಹಳ್ಳ. ನಡುವೆ ಅಡಿಕೆ ಕಳೆದುಹೋಯಿತೆಂದು ಓದುಗ ತಿಳಿಯುತ್ತಾನೆ. ಹಸಿಯದನ್ನು ಒಣ ತೂಕಕ್ಕೆ ಪರಿವರ್ತಿಸಿಕೊಂಡು ಎಳೆಯಬೇಕು, ಅಥವಾ ಎರಡಕ್ಕೂ ಪ್ರತ್ಯೇಕ ನಕ್ಷೆ ಮಾಡಬೇಕು.

ವರದಾ ನದಿಯ ಚಿತ್ರಣದಲ್ಲಿ ಬೇರೆ ಬಗೆಯ ತಪ್ಪು ಸಾಮಾನ್ಯ. ಸಾಗರ ತಾಲ್ಲೂಕಿನ ವರದಾಮೂಲದಲ್ಲಿ ಹುಟ್ಟಿ, ಸೊರಬ ಸೀಮೆಯನ್ನು ಹಾದು, ಬನವಾಸಿಯನ್ನು ಬಳಸಿ, ಹಾವೇರಿ ಜಿಲ್ಲೆಯ ಗಳಗನಾಥದ ಬಳಿ ತುಂಗಭದ್ರೆಯನ್ನು ಸೇರುವ ಈ ನದಿಯನ್ನು ಶಾಲಾ ನಕ್ಷೆಗಳಲ್ಲಿ ತುದಿಯಲ್ಲಿ ಸಣ್ಣದಾಗಿ, ಮುಂದೆ ಹೋದಂತೆ ದಪ್ಪವಾಗಿ ಬಿಡಿಸುತ್ತಾರೆ. ಅದು ಬಿಡಿಸುವವರ ರೂಢಿಯೇ ಹೊರತು ಅಳತೆಯಲ್ಲ. ಮಾಪನ ಕೇಂದ್ರಗಳಲ್ಲಿ ಅಳೆದ ಹರಿವಿನ ಪ್ರಮಾಣದಂತೆ ದಪ್ಪ ಕೊಟ್ಟಾಗ ಮಾತ್ರ ಅದು ಹರಿವಿನ ನಕ್ಷೆ. ಆಗಲೂ ಜುಲೈ ತಿಂಗಳ ವರದೆಗೂ ಏಪ್ರಿಲ್ ತಿಂಗಳ ವರದೆಗೂ ಬೇರೆ ಬೇರೆ ಹಾಳೆ ಬೇಕು.

ರಸ್ತೆಗಳ ವಿಷಯದಲ್ಲಿ ಕೆಲಸ ಸಲೀಸು. ವಾಹನ ಗಣತಿಯನ್ನು ಸಾಮಾನ್ಯವಾಗಿ 7 ದಿನ, ಹಗಲಿರುಳು ಮಾಡುತ್ತಾರೆ. ಬಸ್ಸು, ಲಾರಿ, ಬೈಕು, ಟ್ರ್ಯಾಕ್ಟರುಗಳನ್ನು ಒಂದೇ ಮಾನಕ್ಕೆ ತಂದು ಕೂಡಿಸುತ್ತಾರೆ. ಹೋಗುವುದನ್ನೂ ಬರುವುದನ್ನೂ ರಸ್ತೆಯ ಎರಡು ಮಗ್ಗುಲಲ್ಲಿ, ನಮ್ಮಲ್ಲಿ ವಾಹನ ಓಡುವಂತೆ ಎಡಬದಿಗೇ ಎಳೆದರೆ ಬಾಣದ ತಲೆಗಳ ಗೊಂದಲ ತಪ್ಪುತ್ತದೆ.

ಶಿವಮೊಗ್ಗದಿಂದ ಶಿಕಾರಿಪುರದ ಮೂಲಕ ರಾಣೆಬೆನ್ನೂರಿಗೆ ಹೋಗುವ ಹೊಸ ರೈಲು ಮಾರ್ಗಕ್ಕೆ 2023ರ ಫೆಬ್ರುವರಿ 27ರಂದು ಶಂಕುಸ್ಥಾಪನೆ ನಡೆಯಿತು. ಹಳಿ ಬಂದ ಮೇಲೆ ಅಡಿಕೆ, ಮೆಕ್ಕೆಜೋಳ, ಓದುವ ಮಕ್ಕಳು, ಆಸ್ಪತ್ರೆಗೆ ಹೋಗುವವರು, ಎಲ್ಲರ ದಾರಿಯೂ ಬದಲಾಗಬಹುದು. ಮಿನಾರನ ಹತ್ತಿ ನಕ್ಷೆಗಳಿಗೆ ಬಲ ಬಂದದ್ದು ಯುದ್ಧಕ್ಕೆ ಮುಂಚಿನ 1858ರ ಹಾಳೆ ಜೊತೆಗಿದ್ದುದರಿಂದ. ಶಿಕಾರಿಪುರ, ಸೊರಬ, ಶಿರಾಳಕೊಪ್ಪದ ಕಾಲೇಜುಗಳ ಭೂಗೋಳ ಅಧ್ಯಾಪಕರೂ ವಿದ್ಯಾರ್ಥಿಗಳೂ ಈ ಸೀಮೆಯ ರಸ್ತೆಗಳ ಎಣಿಕೆಯನ್ನು ರೈಲು ಓಡುವುದಕ್ಕೆ ಮೊದಲೇ ಮಾಡಿಟ್ಟುಕೊಳ್ಳಬೇಕು; ಆಮೇಲೆ ಎಣಿಸಲು ಹಳೆಯ ಸಂಚಾರ ಉಳಿದಿರುವುದಿಲ್ಲ.