ರೋಮುಲಸ್ ವಿಟೇಕರ್

ಉರಗತಜ್ಞ, ವನ್ಯಜೀವಿ ಸಂರಕ್ಷಕ, ಸಾಕ್ಷ್ಯಚಿತ್ರ ನಿರ್ಮಾಪಕ. ಜನನ 23 ಮೇ 1943, ನ್ಯೂಯಾರ್ಕ್. ಕರ್ನಾಟಕಕ್ಕೆ ಆಗುಂಬೆ ಮಳೆಕಾಡು ಸಂಶೋಧನಾ ಕೇಂದ್ರದ ಸ್ಥಾಪಕರಾಗಿ ಪರಿಚಿತರು. ಹಾವನ್ನು ಭೀತಿಯ ವಸ್ತುವಾಗಿಸದೆ, ಮನುಷ್ಯನ ನೆರೆಯ ಜೀವಿಯಾಗಿ ತೋರಿಸುವ ಅವರ ದೃಷ್ಟಿಯ ಬೇರು ಭಾರತದಲ್ಲಿ ಕಳೆದ ಬಾಲ್ಯದಲ್ಲಿದೆ.

ಬಾಲ್ಯ: ಎಳವೆಯಲ್ಲೇ ಮೂಡಿದ ಹಾವಿನ ಹುಚ್ಚಿಗೆ ತಾಯಿ ಡೋರಿಸ್ ನಾರ್ಡನ್ ಅಡ್ಡಿಪಡಿಸದೆ ಪ್ರೋತ್ಸಾಹ ಕೊಟ್ಟರು. ಆಕೆ ರಾಮ ಚಟ್ಟೋಪಾಧ್ಯಾಯರನ್ನು ಮದುವೆಯಾದ ಮೇಲೆ, 1951ರಲ್ಲಿ ಕುಟುಂಬ ಮುಂಬಯಿಗೆ ಬಂತು. ರಾಮ ಅವರು ಕವಿ ಹರೀಂದ್ರನಾಥ ಹಾಗೂ ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯರ ಮಗ. ಮುಂಬಯಿಯಲ್ಲಿ ಬಣ್ಣದ ಸಿನಿಮಾ ಫಿಲ್ಮ್ ಸಂಸ್ಕರಿಸುವ ಪ್ರಯೋಗಾಲಯ ಕಟ್ಟಿದವರು. ಹೀಗೆ ಹಾವು, ಫಿಲ್ಮ್ ಎರಡೂ ಹುಡುಗನ ಕೈಯಳತೆಯಲ್ಲಿದ್ದವು. ಕೊಡೈಕನಾಲ್‌ನ ವಸತಿಶಾಲೆಯಲ್ಲಿದ್ದಾಗ ವಿಟೇಕರ್ ಮಂಚದ ಕೆಳಗೆ ಹೆಬ್ಬಾವು ಸಾಕಿದ್ದರು.

ವೃತ್ತಿ: ಶಾಲೆ ಮುಗಿಸಿ ಅಮೆರಿಕಕ್ಕೆ ಹೋಗಿ, ಮಯಾಮಿ ಸರ್ಪೆಂಟೇರಿಯಂ ಎಂಬ ಹಾವಿನ ಕೇಂದ್ರದ ಬಿಲ್ ಹಾಸ್ಟ್ ಬಳಿ ಕೆಲಸ ಕಲಿತು 1967ರಲ್ಲಿ ಭಾರತಕ್ಕೆ ಮರಳಿದರು. ಮದ್ರಾಸಿನ ಹಾವಿನ ಉದ್ಯಾನ, ಮೊಸಳೆ ಬ್ಯಾಂಕ್‌ಗಳನ್ನು ಸ್ಥಾಪಿಸಿದರು. ಹಾವಿನ ಚರ್ಮದ ವ್ಯಾಪಾರಕ್ಕೆ ನಿಷೇಧ ಬಿದ್ದು ಹಾವು ಹಿಡಿಯುವ ಇರುಳ ಬುಡಕಟ್ಟಿನವರ ಬದುಕಿಗೆ ಪೆಟ್ಟಾದಾಗ, 1978ರಲ್ಲಿ ಇರುಳರ ಸಹಕಾರ ಸಂಘ ರೂಪುಗೊಳ್ಳಲು ನೆರವಾದರು. ಹಾವನ್ನು ಕೊಲ್ಲದೆ ವಿಷ ತೆಗೆದು ಮತ್ತೆ ಕಾಡಿಗೆ ಬಿಡುವ ಈ ಕೆಲಸ ಪ್ರತಿವಿಷ ತಯಾರಿಕೆಗೆ ಆಧಾರವಾಯಿತು.

ಸಾಕ್ಷ್ಯಚಿತ್ರಗಳು: ನ್ಯಾಷನಲ್ ಜಿಯಾಗ್ರಫಿಕ್‌ಗಾಗಿ ಕಾಳಿಂಗ ಸರ್ಪದ ಬಗ್ಗೆ ಮಾಡಿದ 'ದ ಕಿಂಗ್ ಅಂಡ್ ಐ' 1998ರಲ್ಲಿ ಎಮ್ಮಿ ಪ್ರಶಸ್ತಿ ಪಡೆಯಿತು. ಬಿಬಿಸಿಯ 'ಒನ್ ಮಿಲಿಯನ್ ಸ್ನೇಕ್ ಬೈಟ್ಸ್' (2011) ಹಾವು ಕಡಿತದ ಸಾವುನೋವನ್ನು ಮುಂದಿಟ್ಟಿತು. ವಿಟೇಕರ್ ಸಹಲೇಖಕರಾದ 2020ರ ಅಧ್ಯಯನದ ಪ್ರಕಾರ ಭಾರತದಲ್ಲಿ ವರ್ಷಕ್ಕೆ ಸರಾಸರಿ 58,000 ಜನ ಹಾವು ಕಡಿದು ಸಾಯುತ್ತಾರೆ. ಹಾವನ್ನೂ ಉಳಿಸಬೇಕು, ಹೊಲದಲ್ಲಿ ಬರಿಗಾಲಲ್ಲಿ ದುಡಿಯುವ ರೈತನನ್ನೂ ಉಳಿಸಬೇಕು ಎಂಬ ಎರಡು ಕಾಳಜಿಗಳು ಅವರ ಕೆಲಸದುದ್ದಕ್ಕೂ ಜೊತೆಯಾಗಿ ಸಾಗುತ್ತವೆ. ಹೊರಗಿನಿಂದ ಬಂದು ಚಿತ್ರೀಕರಿಸಿ ಹೋಗುವವರಿಗೆ ಈ ಸಮತೋಲ ಸುಲಭವಲ್ಲ. ಇಲ್ಲೇ ಬೆಳೆದವರಿಗೆ ಅದು ಸಹಜ.

ಆಗುಂಬೆ: ವನ್ಯಜೀವಿ ಸಂರಕ್ಷಣೆಗಾಗಿ ಕೊಡುವ ವಿಟ್ಲಿ ಪ್ರಶಸ್ತಿ ವಿಟೇಕರ್ ಅವರಿಗೆ ಬಂದ 2005ರಲ್ಲೇ ಶಿವಮೊಗ್ಗ ಜಿಲ್ಲೆಯ ಆಗುಂಬೆಯಲ್ಲಿ ಸಂಶೋಧನಾ ಕೇಂದ್ರ ಆರಂಭವಾಯಿತು. ಕಾಳಿಂಗದ ಮೈಯೊಳಗೆ ರೇಡಿಯೊ ಟ್ರಾನ್ಸ್‌ಮಿಟರ್ ಅಳವಡಿಸಿ, ಆಂಟೆನಾ ಹಿಡಿದು ಕಾಡಿನಲ್ಲಿ ಅದರ ಜಾಡು ಹಿಡಿಯುವ ಅಧ್ಯಯನ ಇಲ್ಲಿ ನಡೆಯಿತು. ಹೆಣ್ಣು ಕಾಳಿಂಗ ತರಗೆಲೆಗಳನ್ನು ಮೈಸುರುಳಿಯಿಂದ ಎಳೆದೊಟ್ಟಿ ಗೂಡು ಕಟ್ಟಿ, ಮೊಟ್ಟೆಯಿಟ್ಟು ಕಾವಲು ಕೂರುವುದನ್ನು ಸಂಶೋಧಕರು ದಾಖಲಿಸಿದ್ದಾರೆ. ಮಲೆನಾಡಿನ ಮನೆ, ತೋಟಗಳಿಗೆ ಬಂದ ಕಾಳಿಂಗಗಳನ್ನು ಹಿಡಿದು ಕಾಡಿಗೆ ಬಿಡುವುದೂ ಕೇಂದ್ರದ ಕೆಲಸವಾಯಿತು.

ವಿಟೇಕರ್ ಅವರಿಗೆ 2018ರಲ್ಲಿ ಪದ್ಮಶ್ರೀ ಸಂದಿದೆ.