ಗಸಗಸೆ ಹಣ್ಣಿನ ಮರ



ಪುಸ್ತಕಗಳಲ್ಲಿ ನಾವು ಓದುವ ಚೆರ್ರಿ ಹಣ್ಣು ದಾವಣಗೆರೆಯ ನೆಲದಲ್ಲಿ ಬೆಳೆಯುವುದಿಲ್ಲ. ಚಳಿಗಾಲದಲ್ಲಿ ನೂರಾರು ಗಂಟೆಗಳ ಕಡುಶೀತವನ್ನು ಅನುಭವಿಸದೆ ಆ ಮರ ಸರಿಯಾಗಿ ಹೂ ಬಿಡದು. ಅದು ಕಾಶ್ಮೀರ, ಹಿಮಾಚಲಗಳ ಪಾಲಿನದು. ನಮ್ಮ ಬೇಕರಿಗಳಲ್ಲಿ ಕೇಕಿನ ಮೇಲೆ ಕೆಂಪಗೆ ಕುಳಿತಿರುವುದು ಬಹುಮಟ್ಟಿಗೆ ಬಣ್ಣ ಹಾಕಿ ಸಕ್ಕರೆ ಪಾಕದಲ್ಲಿ ನೆನೆಸಿದ ಕವಳೆಕಾಯಿಯೇ. ಆದರೂ ಚೆರ್ರಿಯ ಹೆಸರು ಹೊತ್ತ ಮರವೊಂದು ನಮ್ಮ ಬೀದಿಗಳಲ್ಲಿದೆ. ಅನ್ಯರಿಗೆ ಅದು ಸಿಂಗಪುರದ ಚೆರ್ರಿ, ಜಮೈಕಾದ ಚೆರ್ರಿ. ನಮಗೆ ಗಸಗಸೆ ಹಣ್ಣಿನ ಮರ. ನಿಜವಾದ ಚೆರ್ರಿಗೂ ಅದಕ್ಕೂ ಕುಲದ ನಂಟಿಲ್ಲ.

ಹೊಯ್ಸಳ ದಂಡನಾಯಕ ಪೋಲಾಳ್ವನು 1224ರಲ್ಲಿ ಹರಿಹರೇಶ್ವರ ದೇವಾಲಯವನ್ನು ಕಟ್ಟಿಸಿದಾಗ ತುಂಗಭದ್ರೆಯ ದಡದಲ್ಲಿ ಈ ಮರ ಇರಲಿಲ್ಲ. ನಮ್ಮ ಪ್ರಾಚೀನ ಕವಿಗಳ ವನವರ್ಣನೆಗಳಿಗೂ ಇದು ಅಪರಿಚಿತ. ಇದರ ತವರು ಮೆಕ್ಸಿಕೊದ ದಕ್ಷಿಣ ಭಾಗದಿಂದ ದಕ್ಷಿಣ ಅಮೆರಿಕದವರೆಗೆ ಹಬ್ಬಿದ ಉಷ್ಣ ಪ್ರದೇಶ. ಹತ್ತೊಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಫಿಲಿಪೈನ್ಸಿಗೆ ಬಂದು, ಆಗ್ನೇಯ ಏಷ್ಯಾದಲ್ಲೆಲ್ಲ ಹರಡಿತು. ನಮ್ಮ ನಾಡಿನಲ್ಲೂ ನೆಲೆಸಿತು. 1753ರಲ್ಲಿ ಲಿನೇಯಸನು ದಾಖಲಿಸಿದ ಶಾಸ್ತ್ರೀಯ ನಾಮ ಮುಂಟಿಂಜಿಯ ಕಲಬುರ. ಅದರ ಮೊದಲ ಪದ ಅಬ್ರಹಾಂ ಮುಂಟಿಂಗ್ ಎಂಬ ಡಚ್ ಸಸ್ಯವಿಜ್ಞಾನಿಯ ನೆನಪು. ಪಂಡಿತರು ಪಂಡಿತನೊಬ್ಬನ ಹೆಸರನ್ನಿಟ್ಟರು. ನಮ್ಮ ಜನ ಹಣ್ಣನ್ನು ಒಡೆದು ನೋಡಿ, ಒಳಗಿನ ಸಣ್ಣ ಬೀಜಗಳಲ್ಲಿ ಪಾಯಸದ ಗಸಗಸೆಯನ್ನು ಕಂಡರು. ಯಾರೆಂದು ಹೇಳಲಾಗದ ಆ ನಾಮಕರ್ತರ ಜಾಣ್ಮೆಯನ್ನು ನಾನು ಕನ್ನಡದ ಮೇಷ್ಟರಾಗಿ ಮೆಚ್ಚುತ್ತೇನೆ.

ಈ ಮರಕ್ಕೆ ಆರೈಕೆ ಬೇಡ. ಬಡ ನೆಲದಲ್ಲಿಯೂ ಬೇಗ ಬೆಳೆದು, ಎರಡು ವರ್ಷಗಳೊಳಗೆ ಫಲ ಕೊಡುತ್ತದೆ. ಇಪ್ಪತ್ತೈದರಿಂದ ನಲವತ್ತು ಅಡಿ ಎತ್ತರಕ್ಕೇರಿ ಕೊಡೆಯಂತೆ ರೆಂಬೆ ಚಾಚುತ್ತದೆ. ಬಿಳಿಯ ಹೂವಿಗೆ ಒಂದೇ ದಿನದ ಆಯುಷ್ಯ. ಅರ್ಧ ಅಂಗುಲದ ಹಣ್ಣು ಕೆಂಪಾದಾಗ ಬಲು ಸಿಹಿ; ಸಿಪ್ಪೆ ತೆಳುವಾದುದರಿಂದ ಮಾರುಕಟ್ಟೆಯ ಬುಟ್ಟಿಗೆ ತಾಳದು. ಹೀಗಾಗಿ ಬೆಲೆ ಕಟ್ಟುವವರಿಲ್ಲ. ಹಗಲು ಹಕ್ಕಿಗಳೂ ಮಕ್ಕಳೂ, ಇರುಳು ಬಾವಲಿಗಳೂ ಅದರ ಒಡೆಯರು. ಬಿತ್ತುವವರೂ ಬಹುತೇಕ ಹಕ್ಕಿ ಬಾವಲಿಗಳೇ.

ದಾವಣಗೆರೆಯ ನಮ್ಮ ಮನೆಯಂಗಳದಲ್ಲಿಯೂ ಅಂಥದೊಂದು ಮರವಿತ್ತು. ಬಾವಲಿಗಳು ಗೋಡೆಗೆ ಮಾಡುತ್ತಿದ್ದ ಹೊಲಸಿಗೆ ಬೇಸತ್ತು, ನಿವೃತ್ತನಾದ ವರ್ಷ ನಾನೇ ಅದನ್ನು ಕಡಿಸಿದೆ. ಗೋಡೆ ಶುಭ್ರವಾಯಿತು. ಆದರೆ ಶಾಲೆ ಬಿಟ್ಟೊಡನೆ ಗೇಟಿನ ಬಳಿ ನಿಂತು, "ಅಜ್ಜಾ, ಹಣ್ಣು ಆರಿಸ್ಕೊಳ್ಲಾ?" ಎಂದು ಕೇಳುತ್ತಿದ್ದ ಮಕ್ಕಳು ಮತ್ತೆ ಬರಲಿಲ್ಲ. ಮರವನ್ನು ನನ್ನದೆಂದು ತಿಳಿದು ಕಡಿಸಿದ್ದೆ. ಅದರಲ್ಲಿ ನನ್ನ ಪಾಲು ಎಷ್ಟು ಅಲ್ಪವೆಂಬುದು ಆಮೇಲೆ ತಿಳಿಯಿತು.

ಕಳೆದ ಮಳೆಗಾಲದಲ್ಲಿ ಹರಿಹರದ ಬಂಧುಗಳ ಮನೆಗೆ ಹೋಗಿದ್ದೆ. ಹಿತ್ತಲಿನ ಗೋಡೆಯ ಬಿರುಕಿನಲ್ಲಿ ಗೇಣುದ್ದದ ಗಸಗಸೆ ಸಸಿಯೊಂದು ಎದ್ದಿತ್ತು. ಕಿತ್ತೆಸೆಯಲು ಹೊರಟವರನ್ನು ತಡೆದು, ಬೇರಿಗೆ ಒದ್ದೆ ಬಟ್ಟೆ ಸುತ್ತಿ ಬಸ್ಸಿನಲ್ಲಿ ತಂದು, ಈ ಸಲ ಗೋಡೆಯಿಂದ ದೂರದಲ್ಲಿ ನೆಟ್ಟಿದ್ದೇನೆ. ಅದೀಗ ನನ್ನ ಭುಜದೆತ್ತರಕ್ಕೆ ಬಂದಿದೆ. ಹಣ್ಣು ಬಿಟ್ಟ ಮೇಲೆ ಗೇಟಿಗೆ ಚಿಲಕ ಹಾಕುವುದಿಲ್ಲವೆಂದು ಮನೆಯಲ್ಲಿ ಈಗಲೇ ಹೇಳಿಟ್ಟಿದ್ದೇನೆ.