ಕಲ್ಪತರು ನಾಡಿನಿಂದ ನಾಗಸಾಕಿಯವರೆಗೆ

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಗಳ ತೆಂಗಿನ ಸೀಮೆಗೂ ಅಣುಬಾಂಬಿಗೂ ಏನು ಸಂಬಂಧವೆಂದು ನೀವು ಕೇಳಬಹುದು. ಸಂಬಂಧವಿದೆ. 1974ರ ಮೇ 18ರಂದು ರಾಜಸ್ಥಾನದ ಪೋಖ್ರಾನ್‌ನಲ್ಲಿ ಭಾರತದ ಮೊದಲ ಅಣುಸ್ಫೋಟ ನಡೆಸಿದ ತಂಡದ ಮುಂದಾಳು ಡಾ. ರಾಜಾ ರಾಮಣ್ಣನವರು ಹುಟ್ಟಿದ್ದು 1925ರಲ್ಲಿ, ತಿಪಟೂರಿನಲ್ಲಿ. ಬೆಂಗಳೂರಿನ ಬಿಷಪ್ ಕಾಟನ್ ಶಾಲೆಯಲ್ಲಿಯೂ ಮದರಾಸು ಕ್ರಿಶ್ಚಿಯನ್ ಕಾಲೇಜಿನಲ್ಲಿಯೂ ಓದಿದ ಅವರು ಪಿಯಾನೋ ವಾದನದಲ್ಲಿಯೂ ನುರಿತವರು. ಅಂದಿನ ಸ್ಫೋಟವನ್ನು ಸರ್ಕಾರ ಶಾಂತಿಯುತ ಪ್ರಯೋಗವೆಂದು ಕರೆಯಿತು. ಅದು ಬಾಂಬೇ ಆಗಿತ್ತೆಂದು 1997ರಲ್ಲಿ ರಾಮಣ್ಣನವರೇ ಹೇಳಿದರು.

ನಮ್ಮ ನೆಲದ ಪ್ರತಿಭೆಯ ಬಗ್ಗೆ ಹೆಮ್ಮೆಪಡುವುದು ಸಹಜ. ಆದರೆ ಅಂತಹ ಬಾಂಬು ಮನುಷ್ಯರ ಮೇಲೆ ಬಿದ್ದಾಗ ಏನಾಯಿತೆಂಬುದನ್ನೂ ನಾವು ಅರಿತಿರಬೇಕು.

ರಾಮಣ್ಣನವರಿಗೆ ಇಪ್ಪತ್ತು ವರ್ಷವಾಗಿದ್ದಾಗ, 1945ರ ಆಗಸ್ಟ್ 6ರಂದು ಹಿರೋಷಿಮಾದ ಮೇಲೆಯೂ 9ರಂದು ನಾಗಸಾಕಿಯ ಮೇಲೆಯೂ ಅಮೆರಿಕ ಅಣುಬಾಂಬು ಹಾಕಿತು. ಆ ವರ್ಷದ ಕೊನೆಯೊಳಗೆ ಹಿರೋಷಿಮಾದಲ್ಲಿ ಸುಮಾರು 1,40,000, ನಾಗಸಾಕಿಯಲ್ಲಿ ಸುಮಾರು 70,000 ಜನ ಮಡಿದರು. ನಾಗಸಾಕಿಯ ಉರಕಾಮಿ ಪ್ರಧಾನಾಲಯವು ಸ್ಫೋಟಕೇಂದ್ರದಿಂದ ಕೇವಲ 500 ಮೀಟರಿನಷ್ಟು ದೂರದಲ್ಲಿತ್ತು. ಮಾತೆ ಮರಿಯಮ್ಮನವರ ಸ್ವರ್ಗಸ್ವೀಕಾರ ಹಬ್ಬದ ಸಿದ್ಧತೆಗಾಗಿ ಪಾಪನಿವೇದನೆಗೆ ಬಂದಿದ್ದವರೂ ಗುರುಗಳೂ ಅಲ್ಲಿಯೇ ಅಸುನೀಗಿದರು. ಉರಕಾಮಿಯ ಸುಮಾರು 12,000 ಭಕ್ತರಲ್ಲಿ 8,500ರಷ್ಟು ಮಂದಿ ಇಲ್ಲವಾದರು. ಭಾನುವಾರದ ಪೂಜೆಯಲ್ಲಿ ನಿಮ್ಮ ಸುತ್ತ ಕುಳಿತವರನ್ನೊಮ್ಮೆ ನೋಡಿ: ಹತ್ತು ಮಂದಿಯಲ್ಲಿ ಏಳು ಮಂದಿ!

ಅಲ್ಲಿನ ವೈದ್ಯ ತಕಾಶಿ ನಾಗಾಯಿ ಕ್ಷ-ಕಿರಣ ವಿಭಾಗದ ದುಡಿಮೆಯಿಂದ ಮೊದಲೇ ರಕ್ತದ ಕ್ಯಾನ್ಸರಿಗೆ ತುತ್ತಾಗಿದ್ದರು. ಸ್ಫೋಟದಲ್ಲಿ ತಾವೇ ಗಾಯಗೊಂಡಿದ್ದರೂ ಗಾಯಾಳುಗಳ ಸೇವೆಗೆ ನಿಂತರು. ಮನೆಗೆ ಮರಳಿದಾಗ ಬೂದಿಯಲ್ಲಿ ಸಿಕ್ಕಿದ್ದು ಪತ್ನಿ ಮಿಡೋರಿಯ ಮೂಳೆಗಳು, ಜೊತೆಗೆ ಆಕೆಯ ಜಪಸರ. ಇಬ್ಬರು ಎಳೆಯ ಮಕ್ಕಳನ್ನು ಬಿಟ್ಟು ಅವರು 1951ರಲ್ಲಿ ತೀರಿಕೊಂಡರು.

ಬಾಂಬಿಗೆ ಸಿಕ್ಕಿ ಬದುಕುಳಿದವರನ್ನು ಜಪಾನಿನಲ್ಲಿ ಹಿಬಾಕುಷಾ ಎನ್ನುತ್ತಾರೆ. ತೆಂಗಿನ ಸಸಿ ಫಲ ಕೊಡಲು ವರ್ಷಗಳು ಬೇಕೆಂಬುದನ್ನು ಬಲ್ಲವರು ನೀವು. ವಿಕಿರಣದ ವಿಷಫಲವೂ ಹಾಗೆಯೇ ತಡವಾಗಿ ಬಂದಿತು. ಕೆಲವು ವರ್ಷಗಳ ನಂತರ ರಕ್ತದ ಕ್ಯಾನ್ಸರ್, ಆಮೇಲೆ ಇತರ ಕ್ಯಾನ್ಸರುಗಳು ಹೆಚ್ಚಿದವು. ರೋಗದ ಭಯದಿಂದ ಸಮಾಜವೂ ಅವರನ್ನು ದೂರವಿಟ್ಟಿತು. ಮದುವೆ, ಉದ್ಯೋಗಗಳು ತಪ್ಪಿಹೋದವು. ಆದರೂ ಅವರು ದ್ವೇಷವನ್ನು ಸಾಧಿಸಲಿಲ್ಲ. 1956ರಲ್ಲಿ ನಿಹೋನ್ ಹಿದಾಂಕ್ಯೊ ಎಂಬ ಸಂಘಟನೆ ಕಟ್ಟಿ, ಈ ನೋವು ಇನ್ನಾರಿಗೂ ಬಾರದಿರಲೆಂದು ಲೋಕಕ್ಕೆ ಸಾಕ್ಷಿ ನುಡಿದರು. 2024ರ ನೊಬೆಲ್ ಶಾಂತಿ ಪ್ರಶಸ್ತಿ ಅದಕ್ಕೆ ಸಂದಿತು.

2019ರ ನವೆಂಬರಿನಲ್ಲಿ ಜಪಾನಿಗೆ ಭೇಟಿಯಿತ್ತ ಜಗದ್ಗುರು ಫ್ರಾನ್ಸಿಸ್, ಅಣ್ವಸ್ತ್ರದ ಬಳಕೆ ಮಾತ್ರವಲ್ಲ, ಅದನ್ನು ಇಟ್ಟುಕೊಳ್ಳುವುದೂ ಅನೈತಿಕವೆಂದರು. ಅಣ್ವಸ್ತ್ರವುಳ್ಳ ದೇಶದ ಪ್ರಜೆಗಳಾದ ನಮಗೆ ಇದು ಸುಲಭದ ಮಾತಲ್ಲ. ಆದುದರಿಂದಲೇ, ಪ್ರಿಯ ಓದುಗರೇ, ತಿಪಟೂರಿನಲ್ಲಿ ಹುಟ್ಟಿದ ವಿಜ್ಞಾನಿಯ ಕಥೆಯನ್ನು ಮಕ್ಕಳಿಗೆ ಹೇಳುವಾಗ ಹಿಬಾಕುಷಾ ಜನರ ಕಥೆಯನ್ನೂ ಹೇಳಿ. ಆಗಸ್ಟ್ 9ರ ಸಂಜೆ ಮನೆಮಂದಿಯೆಲ್ಲ ಜಪಸರ ಹಿಡಿದಾಗ ಮಿಡೋರಿಯನ್ನು ನೆನೆಯಿರಿ.